ಸಾಲ್ಮನ್ ಮೀನು ಚಳ್ಳಕೆರೆಗೆ ಬಂದದ್ದು

ಚಳ್ಳಕೆರೆ ಹತ್ತಿರ ಕುದಾಪುರದಲ್ಲಿ ವಿಜ್ಞಾನಿಗಳ ಕ್ವಾರ್ಟರ್ಸಿನಲ್ಲಿ ಅಡುಗೆ ಕೆಲಸಕ್ಕೆ ಸೇರಿ ಆರು ವರ್ಷವಾಯಿತು. ಈ ಆರು ವರ್ಷದಲ್ಲಿ ಸಾರಿಗೆ ಉಪ್ಪು ಜಾಸ್ತಿಯಾದ ದಿನಗಳಿಗಿಂತ ನನಗೆ ನಗು ಜಾಸ್ತಿಯಾದ ದಿನಗಳೇ ಹೆಚ್ಚು. ನಗುವ ಸಂಗತಿಗಳನ್ನು ನಾನೇನೂ ಹುಡುಕಿಕೊಂಡು ಹೋಗುವುದಿಲ್ಲ, ತಾವಾಗೇ ಬಂದು ಒಲೆ ಪಕ್ಕ ಕೂರುತ್ತವೆ. ಆದರೆ ಒಂದೇ ಒಂದು ಮೀನು ಮೂರು ದಿನ ನಮ್ಮನ್ನೆಲ್ಲ ಕುಣಿಸಿದ ಹಾಗೆ ಇನ್ಯಾವುದೂ ಕುಣಿಸಿಲ್ಲ.

೧. ಪಥ್ಯ

ನಾನು ಅಡುಗೆ ಮಾಡುವ ಮನೆಯ ಮೇಡಂ ವಿಜ್ಞಾನಿ. ಊರು ಉತ್ತರದ ಕಡೆ, ಓದಿದ್ದು ಹೊರದೇಶದಲ್ಲಿ. ಕನ್ನಡ ಕಲಿತದ್ದು ಮಾತ್ರ ನನ್ನ ಹತ್ತಿರ. ಹಾಗಾಗಿ ದೊಡ್ಡ ದೊಡ್ಡ ಮೀಟಿಂಗಿನಲ್ಲೂ "ಐತೆ", "ಬರ್ತೈತೆ" ಅಂತಲೇ ಮಾತಾಡುತ್ತಾರಂತೆ.

ಒಂದು ಗುರುವಾರ ಅವರು ಹೇಳಿದರು, "ಅಕ್ಕ, ಭಾನುವಾರ ನಮ್ಮ ದೊಡ್ಡ ಸಾಹೇಬರು ಊಟಕ್ಕೆ ಬರ್ತಾರೆ. ಸಾಲ್ಮನ್ ಮೀನು ಮಾಡೋಣ. ಬೆಂಗಳೂರಿಂದ ತರಿಸ್ತೀನಿ."

"ಹೆಂಗೆ ಮಾಡದು ಮೇಡಂ?"

"ಸೊಪ್ಪು ಹೆಚ್ಚಿ, ಬ್ರೆಡ್ಡಿನ ಪುಡಿ, ಬೆಣ್ಣೆ ಕಲಸಿ ಮೀನಿನ ಮೇಲೆ ದಪ್ಪಗೆ ಮೆತ್ತೋದು. ಆಮೇಲೆ ಓವನ್ನಿನಲ್ಲಿ ಇಡೋದು. ಮೇಲೆ ಗರಿಗರಿ, ಒಳಗೆ ಮೆತ್ತಗೆ."

"ಖಾರದಪುಡಿ ಎಷ್ಟು?"

"ಖಾರ ಇಲ್ಲ."

"ಹುಣಿಸೆಹಣ್ಣು?"

"ಅದೂ ಇಲ್ಲ. ಸ್ವಲ್ಪ ನಿಂಬೆರಸ."

"ಬೆಳ್ಳುಳ್ಳಿ?"

"ಒಂದು ಎಸಳು."

ನನಗೆ ತಡೆಯಲಾಗಲಿಲ್ಲ. "ಮೇಡಂ, ಹುಷಾರಿಲ್ಲದಿರೋದು ಸಾಹೇಬರಿಗೋ, ಮೀನಿಗೋ?" ಅಂತ ಕೇಳಿಯೇಬಿಟ್ಟೆ.

೨. ಬಸ್‌ಸ್ಟ್ಯಾಂಡಿನಲ್ಲಿ

ಶುಕ್ರವಾರ ಮೀನು ಖಾಸಗಿ ಬಸ್ಸಿನಲ್ಲಿ ಬಂತು. ಥರ್ಮಾಕೋಲ್ ಡಬ್ಬ, ಒಳಗೆ ಐಸು, ಮೇಲೆ ಇಂಗ್ಲಿಷಿನಲ್ಲಿ ದಪ್ಪಕ್ಷರದಲ್ಲಿ ಮೀನಿನ ಹೆಸರು. ಚಳ್ಳಕೆರೆ ಬಸ್‌ಸ್ಟ್ಯಾಂಡಿಗೆ ನಾನು ಹೋಗುವುದು ಹತ್ತು ನಿಮಿಷ ತಡವಾಯಿತು. ಅಷ್ಟರಲ್ಲಿ ಕಂಡಕ್ಟರು ಬಾಗಿಲಲ್ಲಿ ನಿಂತು, "ಸಲ್ಮಾನ್! ಯಾರ್ರೀ ಸಲ್ಮಾನ್? ಪಾರ್ಸಲ್ ಬಂದೈತೆ!" ಅಂತ ಕೂಗಿದ್ದಾನೆ.

ಆಟೋ ಸ್ಟ್ಯಾಂಡಿನಲ್ಲಿ ಸಲ್ಮಾನ್ ಅಂತಲೇ ಒಬ್ಬ ಹುಡುಗ ಇದ್ದಾನೆ. ಬಂದ, ಸಹಿ ಹಾಕಿದ, ಡಬ್ಬ ತಗೊಂಡು ಹೋದ.

ನಾನು ಏದುಸಿರು ಬಿಡುತ್ತಾ ಹೋಗಿ ಕೇಳಿದರೆ ಕಂಡಕ್ಟರು, "ಸಲ್ಮಾನ್ ಬಂದು ಈಗ ತಾನೇ ತಗೊಂಡು ಹೋದ್ರಲ್ಲಮ್ಮ" ಅಂದ.

"ಅಯ್ಯೋ, ಅದು ಮೀನಿನ ಹೆಸರು ಕಣಪ್ಪಾ!"

"ಮೀನು ಬಂದು ಸಹಿ ಹಾಕಿ ಹೋಗ್ತೈತೇನಮ್ಮ?"

ಆಟೋ ಸ್ಟ್ಯಾಂಡಿಗೆ ಓಡಿದೆ. ಡಬ್ಬದ ಮುಚ್ಚಳ ತೆಗೆದು ನಾಲ್ಕು ಜನ ಸುತ್ತ ನಿಂತಿದ್ದರು. ಸಲ್ಮಾನ್ ಪಾಪ, "ಬೆಂಗಳೂರಿಂದ ನಮ್ಮ ದೊಡ್ಡಪ್ಪ ಕಳಿಸವ್ನೆ ಅನ್ಕೊಂಡೆ ಅಕ್ಕ" ಅಂದು ನಾಚಿಕೊಂಡು, ತಾನೇ ನನ್ನನ್ನೂ ಡಬ್ಬವನ್ನೂ ಆಟೋದಲ್ಲಿ ಕೂರಿಸಿಕೊಂಡು ಕುದಾಪುರಕ್ಕೆ ಹೊರಟ. ಗೇಟಿನಲ್ಲಿ ಸೆಕ್ಯೂರಿಟಿಯವರು ತಡೆದರು.

"ಹೆಸರು?"

"ಸಲ್ಮಾನ್."

"ಡಬ್ಬದಲ್ಲಿ ಏನೈತೆ?"

"ಸಾಲ್ಮನ್."

"ಲೇ, ನಿನ್ ಹೆಸರು ಬರ್ಕೊಂಡಾಯ್ತು. ಡಬ್ಬದಲ್ಲಿ ಏನೈತೆ ಅಂತ ಕೇಳ್ತಿರೋದು!"

೩. ಸೊಪ್ಪಿನಮ್ಮ

ಶನಿವಾರ ಸೊಪ್ಪು ತರುವ ಕೆಲಸ. ಮೇಡಂ ಮೂರು ಹೆಸರು ಬಾಯಿಪಾಠ ಮಾಡಿಸಿ, ಫೋಟೋಗಳನ್ನೂ ನನ್ನ ಮೊಬೈಲಿಗೆ ಹಾಕಿದ್ದರು. ಮೊದಲನೆಯದು ಡಿಲ್. ಫೋಟೋ ನೋಡಿದ ಕೂಡಲೇ ನಾನೇ ಗುರುತು ಹಿಡಿದೆ, ಅದು ನಮ್ಮ ಸಬ್ಬಸಿಗೆ ಸೊಪ್ಪು. ಉಳಿದ ಎರಡಕ್ಕೆ ಚಳ್ಳಕೆರೆ ಸಂತೆಯಲ್ಲಿ ನಾನು ಯಾವಾಗಲೂ ಕೊಳ್ಳುವ ಸೊಪ್ಪಿನಮ್ಮನ ಹತ್ತಿರ ಹೋದೆ.

"ಅಮ್ಮಾ, ಟೈಮ್ ಐತಾ?"

ಆಯಮ್ಮ ಸೆರಗಿನಿಂದ ಮೊಬೈಲು ತೆಗೆದು ನೋಡಿ, "ಹತ್ತೂವರೆ" ಅಂದಳು.

"ಅದಲ್ಲಮ್ಮ, ಟೈಮ್ ಅಂತ ಒಂದು ಸೊಪ್ಪು."

"ನಂಗೆ ಬಿಸಿಲೇರಾದ್ರೊಳಗೆ ಇವನ್ನ ಮಾರೋಕೇ ಟೈಮಿಲ್ಲ. ಬ್ಯಾರೆ ಹೇಳು."

"ಪಾರ್ಸ್ಲಿ ಐತಾ?"

"ಎಲ್ಲಾ ಪಾರ್ಸಲ್ಲೇ ಕಣವ್ವ. ಇಲ್ಲೇ ನಿಂತು ತಿನ್ಕೊಂಡು ಹೋಗಾವು ಬೀದಿ ಮೇಕೆ ಮಾತ್ರ."

ಕೊನೆಗೆ ಪಾರ್ಸ್ಲಿಯ ಫೋಟೋ ತೋರಿಸಿದೆ. ಆಯಮ್ಮ ಮೊಬೈಲನ್ನು ದೂರ ಹಿಡಿದಳು, ಹತ್ತಿರ ಹಿಡಿದಳು. ಆಮೇಲೆ ಒಂದು ಕಟ್ಟು ಕೊತ್ತಂಬರಿ ತೆಗೆದು ನನ್ನ ಚೀಲಕ್ಕೆ ಹಾಕಿದಳು.

"ಅಮ್ಮಾ, ಇದು ಕೊತ್ತಂಬ್ರಿ ಅಲ್ವಾ?"

"ಅದೂ ಕೊತ್ತಂಬ್ರೀನೇ ಕಣವ್ವ. ಸ್ಟುಡಿಯೋಗೆ ಹೋಗಿ ಪೌಡರ್ ಹಾಕ್ಕೊಂಡು ಫೋಟೋ ತೆಗೆಸ್ಕೊಂಡೈತೆ, ಅಷ್ಟೆ."

೪. ಗಾಳಿ ಬೇಯಿಸಿದ್ದು

ಸೊಪ್ಪು ತಗೊಂಡು ಹೋದರೆ ಮೇಡಂ ಪೆಟ್ಟಿಗೆ ಕಟ್ಟುತ್ತಾ ನಿಂತಿದ್ದರು. ದೊಡ್ಡ ಸಾಹೇಬರಿಗೂ ಅವರಿಗೂ ಅರ್ಜೆಂಟಾಗಿ ದೆಹಲಿಗೆ ಕರೆ ಬಂದಿತ್ತು. ಊಟ ರದ್ದು. "ಅಕ್ಕ, ಮೀನು ಕೆಟ್ಟುಹೋಗ್ತೈತೆ. ನೀವೇ ಮನೇಲಿ ಮಾಡಿ. ಓವನ್ನೂ ತಗೊಂಡು ಹೋಗಿ, ಆಮೇಲೆ ತನ್ನಿ" ಅಂದರು.

ಭಾನುವಾರ ನಮಗೂ ಪುರುಸೊತ್ತಿರಲಿಲ್ಲ. ಮಗಳನ್ನು ನೋಡಲು ಮೊಳಕಾಲ್ಮೂರಿನಿಂದ ಗಂಡಿನ ಕಡೆಯವರು ಸಂಜೆ ನಾಲ್ಕಕ್ಕೆ ಬರುವವರಿದ್ದರು. ನಾವೂ ಅವರೂ ನೇಯ್ಗೆಯ ಕುಲದವರೇ, ಮನೆಯಲ್ಲಿ ಅರ್ಧ ತೆಲುಗು, ಅರ್ಧ ಕನ್ನಡ. ಅವರು ಈಗಲೂ ರೇಷ್ಮೆ ಸೀರೆ ನೇಯುತ್ತಾರೆ. ನಮ್ಮ ಯಜಮಾನರು ಮಗ್ಗ ಬಿಟ್ಟು ಎಣ್ಣೆ ಮಿಲ್ಲಿಗೆ ಸೇರಿ ಬಹಳ ವರ್ಷವಾಯಿತು. ಮಧ್ಯಾಹ್ನ ಮೀನು ತಿಂದು ಮುಗಿಸಿ, ಮನೆ ತೊಳೆದು, ಊದುಬತ್ತಿ ಹಚ್ಚಿ, ಸಂಜೆಗೆ ಉಪ್ಪಿಟ್ಟು, ಕೇಸರಿಬಾತು ಮಾಡಿದರಾಯಿತು ಅಂದುಕೊಂಡೆ.

ಮಗಳು ಓವನ್ ಹಚ್ಚಿದಳು. ಮೀನು ಇಡುವ ಮೊದಲು ಹತ್ತು ನಿಮಿಷ ಖಾಲಿಯೇ ಕಾಯಬೇಕು. ನಮ್ಮ ಅತ್ತೆ ಗಾಜಿನೊಳಗೆ ಇಣುಕಿದರು.

"ಒಳಗೆ ಏನೂ ಇಲ್ವಲ್ಲೇ! ಏನು ಬೇಯಿಸ್ತಿದ್ದೀಯ?"

"ಸುಮ್ನೆ ಬಿಸಿ ಆಗ್ಲಿ ಅಂತ ಅತ್ತೆ."

ಅತ್ತೆ ಕಾಂಪೌಂಡಿನ ಹತ್ತಿರ ಹೋಗಿ ಪಕ್ಕದ ಮನೆಯಾಕೆಯನ್ನು ಕೂಗಿದರು. "ಬಾರೆ ಇಲ್ಲಿ, ನಮ್ಮ ಸೊಸೆ ಗಾಳಿ ಬೇಯಿಸ್ತಾಳೆ, ನೋಡೀಯಂತೆ!"

ನಾನು ಹಿತ್ತಲಲ್ಲಿ ಮೀನು ತೊಳೆದು ಬರುವಷ್ಟರಲ್ಲಿ ಅತ್ತೆ, ಉರಿ ಯಾಕೆ ದಂಡ ಅಂತ ಒಂದು ತಟ್ಟೆ ಶೇಂಗಾ ಬೀಜ ಒಳಗೆ ತಳ್ಳಿಬಿಟ್ಟಿದ್ದರು. ಬಯ್ಯೋಣವೆಂದರೆ, ಬೀಜ ಹದವಾಗಿ ಹುರಿದು ಘಮ್ಮೆನ್ನುತ್ತಿತ್ತು. ಯಜಮಾನರು ಬ್ರೆಡ್ಡು ಅಂತ ತಂದಿದ್ದು ಸಿಹಿ ಬನ್ನು. ಅದರ ಬದಲು ಅದೇ ಶೇಂಗಾ ಕುಟ್ಟಿ ಸೊಪ್ಪಿನ ಜೊತೆ ಕಲಸಿದೆ. ಅತ್ತೆ ಸೊಂಟದ ಮೇಲೆ ಕೈ ಇಟ್ಟುಕೊಂಡು ಹೇಳಿದರು, "ಇನ್ನೊಂದ್ಸಲ ಗಾಳಿ ಬೇಯಿಸಾಗ ನನ್ನ ಕೇಳು. ಗಾಳಿಗೂ ಒಗ್ಗರಣೆ ಬೇಕಾಗ್ತೈತೆ."

೫. ಒಪ್ಪಿಗೆ

ಮೀನು ಓವನ್ನಿನೊಳಗೆ ಹೋಗಿ ಐದು ನಿಮಿಷವಾಗಿಲ್ಲ, ಮನೆ ಮುಂದೆ ಕಾರು ನಿಂತಿತು. ನಾಲ್ಕು ಗಂಟೆಗೆ ಬರಬೇಕಾದವರು ಹನ್ನೆರಡಕ್ಕೇ ಬಂದಿದ್ದರು. ಯಾರೋ ನೆಂಟರ ಕಾರು ಸಿಕ್ಕಿತಂತೆ.

ಹುಡುಗ, ಅವನ ಅಪ್ಪ ಅಮ್ಮ, ಅಜ್ಜಿ. ಹುಡುಗ ಕಂಪ್ಯೂಟರಿನಲ್ಲಿ ಸೀರೆ ಅಂಚಿನ ಡಿಸೈನು ಮಾಡುತ್ತಾನೆ. ಅಜ್ಜಿ ಕಾಲವೆಲ್ಲ ರೇಷ್ಮೆ ನೂಲಿಗೆ ಬಣ್ಣ ಹಾಕಿದವರು. ಮನೆಯಲ್ಲಿ ಅಜ್ಜಿಯ ಮಾತೇ ಕೊನೆ, ಆಗಲೇ ಎರಡು ಹುಡುಗಿಯರನ್ನು ಬೇಡ ಅಂದಿದ್ದಾರೆ ಅಂತ ಸಂಬಂಧ ತಂದವರು ಮೊದಲೇ ಹೆದರಿಸಿದ್ದರು. ನನಗೋ ಈ ಮನೆ ತಪ್ಪಬಾರದು ಅಂತ ಆಸೆ. ಮಗಳಿಗೆ ಹುಡುಗನ ಫೋಟೋ ಹಿಡಿಸಿತ್ತು, ಬಾಯಿಬಿಟ್ಟು ಹೇಳಿರಲಿಲ್ಲ ಅಷ್ಟೆ.

ಮನೆ ತುಂಬ ಬೆಣ್ಣೆ, ಸಬ್ಬಸಿಗೆ, ಮೀನಿನ ವಾಸನೆ. ಮಗಳು ಅಡುಗೆ ಮನೆ ಬಾಗಿಲ ಹಿಂದೆ. ನಾನು ನೀರು ಕೊಟ್ಟು, ಮಳೆ ಬೆಳೆ ವಿಚಾರಿಸುತ್ತಾ ನಿಂತೆ. ಅದೇ ಹೊತ್ತಿಗೆ ಒಳಗಿನಿಂದ "ಟಿಣ್" ಅಂತು.

"ಅದೇಂ ಶಬ್ದಂ?" ಅಜ್ಜಿ ಕೇಳಿದರು.

ನಮ್ಮ ಯಜಮಾನರಿಗೆ ಸುಳ್ಳು ಬರುವುದಿಲ್ಲ. "ಮೀನು" ಅಂದರು.

"ಮೀನು ಟಿಣ್ ಅಂತೈತಾ? ತಗೊಂಡು ಬಾ, ನೋಡಾನ."

ಬೇರೆ ದಾರಿಯಿಲ್ಲದೆ ಟ್ರೇ ತಂದು ಮುಂದಿಟ್ಟೆ. ಅಜ್ಜಿ ಮೇಲಿನ ಹಸಿರು ಪದರವನ್ನು ಉಗುರಿನಿಂದ ಮೆಲ್ಲಗೆ ಎಬ್ಬಿಸಿದರು. ಕೆಳಗೆ ತಿಳಿ ಕೇಸರಿ ಬೆರೆತ ಗುಲಾಬಿ ಬಣ್ಣ. ಅಜ್ಜಿ ಇನ್ನಷ್ಟು ಬಗ್ಗಿ ನೋಡಿದರು. ಒಂದು ತುಂಡನ್ನು ತಟ್ಟೆಗೆ ಹಾಕಿಸಿಕೊಂಡು, ಎದ್ದು ಕಿಟಕಿಯ ಬೆಳಕಿಗೆ ಹಿಡಿದರು. ಹುಡುಗನೂ ಎದ್ದು ಹೋಗಿ ಮೊಬೈಲಿನಲ್ಲಿ ಫೋಟೋ ತೆಗೆಯತೊಡಗಿದ. ಮುಂದಿನಿಂದ ಒಂದು, ಮೇಲಿನಿಂದ ಒಂದು, ಅಂಚಿಗೆ ಒಂದು.

"ಎಷ್ಟು ಸಲ ಬಣ್ಣಕ್ಕೆ ಅದ್ದಿದ್ರಿ?" ಅಜ್ಜಿ ಕೇಳಿದರು.

"ಅದ್ದಿಲ್ಲಜ್ಜಿ. ಹುಟ್ಟಿದ್ದೇ ಹಂಗೆ."

ಅಜ್ಜಿಗೆ ನಂಬಿಕೆ ಬರಲಿಲ್ಲ. ಹೆಬ್ಬೆರಳು ಒದ್ದೆ ಮಾಡಿಕೊಂಡು ಮೀನಿಗೆ ಉಜ್ಜಿ, ನಮ್ಮ ಯಜಮಾನರ ಹೊಸ ಬಿಳಿ ಪಂಚೆಯ ತುದಿಗೆ ಒತ್ತಿ ನೋಡಿದರು. ಬೆಣ್ಣೆ ಅಂಟಿತು, ಬಣ್ಣ ಅಂಟಲಿಲ್ಲ. ಆಮೇಲೆ ಆ ತುಂಡನ್ನು ಬಾಯಿಗೆ ಹಾಕಿಕೊಂಡರು. ನಿಧಾನಕ್ಕೆ ಅಗಿದರು. ಇನ್ನೊಂದು ತುಂಡು ತಗೊಂಡರು. ನಾವೆಲ್ಲ ಅವರ ಬಾಯನ್ನೇ ನೋಡುತ್ತಾ ನಿಂತಿದ್ದೆವು.

"ನಂಗೆ ಒಪ್ಪಿಗೆ" ಅಂದರು ಅಜ್ಜಿ.

ನನ್ನ ಕಣ್ಣು ತುಂಬಿಬಂತು. ಅತ್ತೆ ದೇವರ ಪಟದ ಕಡೆ ತಿರುಗಿ ಕೈಮುಗಿದರು. ಯಜಮಾನರು ಒಳಗೆ ಓಡಿ ಸಕ್ಕರೆ ಡಬ್ಬ ತಂದು ಹುಡುಗನ ಅಪ್ಪನ ಬಾಯಿಗೆ ಒಂದು ಹಿಡಿ ತುರುಕಿ, "ಬೀಗರೇ!" ಅಂತ ಅಪ್ಪಿಕೊಂಡರು.

ಅಜ್ಜಿ ಬೆಚ್ಚಿಬಿದ್ದರು. "ಯಾಕಪ್ಪಾ, ಏನಾಯ್ತು?"

"ಹುಡುಗಿ ಒಪ್ಪಿಗೆ ಅಂದ್ರಲ್ಲಜ್ಜಿ!"

"ಬಣ್ಣ ಒಪ್ಪಿಗೆ ಅಂದೆ ಕಣಪ್ಪಾ. ಹುಡುಗೀನ ಎಲ್ಲಿ ತೋರಿಸಿದ್ರಿ? ಕರೀರಿ ಮೊದ್ಲು!"

ಮಗಳು ಹೊರಗೆ ಬಂದಳು. ಸೀರೆ ಉಟ್ಟಿಲ್ಲ, ಹೂ ಮುಡಿದಿಲ್ಲ, ಕೈಗೆ ಬಿಸಿ ಟ್ರೇ ಹಿಡಿಯುವ ದಪ್ಪ ಬಟ್ಟೆಯ ಗೌಸು. ಆ ಕೈಯಲ್ಲೇ ನಮಸ್ಕಾರ ಮಾಡಿದಳು. ಹುಡುಗ ನಕ್ಕುಬಿಟ್ಟ, ಇವಳೂ ನಕ್ಕಳು. ಅಜ್ಜಿ ಇಬ್ಬರ ಮುಖವನ್ನೂ ಒಂದು ಸುತ್ತು ನೋಡಿ, "ಇದೂ ಒಪ್ಪಿಗೆ" ಅಂದರು.

ಮದುವೆಯ ಧಾರೆ ಸೀರೆ ಅವರ ಮಗ್ಗದಲ್ಲೇ ಆಯಿತು. ಒಡಲು ಆ ಮೀನಿನದೇ ಬಣ್ಣ, ಅಂಚು ಸಬ್ಬಸಿಗೆ ಹಸಿರು. ಕಲ್ಯಾಣ ಮಂಟಪದಲ್ಲಿ ಎಲ್ಲರ ಕಣ್ಣೂ ಅದರ ಮೇಲೆ. ಈರುಳ್ಳಿಯನ್ನೂ ಮುಟ್ಟದ ನೆರೆಮನೆಯ ಅಮ್ಮನೊಬ್ಬರು ಸೆರಗನ್ನು ಎರಡೂ ಕೈಯಲ್ಲಿ ಹಿಡಿದು ಸವರಿ ಸವರಿ, "ಎಂಥಾ ಬಣ್ಣಾರೀ! ಇದಕ್ಕೆ ಏನಂತಾರೆ?" ಅಂತ ಅಜ್ಜಿಯನ್ನು ಕೇಳಿದರು.

"ಮೀನು" ಅಂದರು ಅಜ್ಜಿ.

ಆಯಮ್ಮ ಸೆರಗು ಬಿಟ್ಟು, ಮೆಲ್ಲಗೆ ತಮ್ಮ ಕೈ ಮೂಸಿ ನೋಡಿಕೊಂಡರು.