ಕಾಕಾ ತಂದ ತಡೆಯಾಜ್ಞೆ

ನಮ್ಮ ಕಾಕಾ ಜನ್ಮದಲ್ಲಿ ಯಾವ ಸ್ಪರ್ಧೆಗೂ ನಿಂತವನಲ್ಲ. ಆದರೂ ಅವನಷ್ಟು ಸ್ಪರ್ಧೆಗಳನ್ನು ಸೋತವರು ಇಡೀ ರಾಯಚೂರು ಜಿಲ್ಲೆಯಲ್ಲೇ ಇಲ್ಲ! ಮನೆಯ ಮಕ್ಕಳು ಹಾಡಿ, ಕುಣಿದು, ರಂಗೋಲಿ ಹಾಕಿ ಸೋತರೆ ನಾವು ಮರುದಿನ ಮರೆಯುತ್ತಿದ್ದೆವು. ಕಾಕಾನಿಗೆ ಮಾತ್ರ ಅನ್ನ ಸೇರುತ್ತಿರಲಿಲ್ಲ. ಎಪ್ಪತ್ತರ ದಶಕದಲ್ಲಿ ಅವನು ಮಾನ್ವಿಯ ವಕೀಲರೊಬ್ಬರ ಗುಮಾಸ್ತ. "ತೀರ್ಪುಗಾರರ ತೀರ್ಪೇ ಅಂತಿಮ" ಎಂದು ಶಾಲೆಯ ಮೈಕು ಹೇಳಿದರೆ ಸಾಕು, ಎದ್ದು ನಿಲ್ಲುತ್ತಿದ್ದ.

"ಮುನ್ಸೀಫರ ಫೈಸಲಾನೇ ಅಂತಿಮ ಅಲ್ರೀ, ಡ್ರಾಯಿಂಗ್ ಮಾಸ್ತರಂದು ಹೆಂಗ ಅಂತಿಮ ಆಗ್ತದ?"

ಒಮ್ಮೆ ಅಕ್ಕನ ರಂಗೋಲಿಗೆ ಮೂರನೆಯ ಬಹುಮಾನ ಬಂತು. ಕಾಕಾ ತಕರಾರು ಅರ್ಜಿ ಬರೆದು, ಹೆಡ್‌ಮಾಸ್ತರರನ್ನು ಸ್ಥಳ ಪರಿಶೀಲನೆಗೆ ಎಳೆದು ತರುವಷ್ಟರಲ್ಲಿ ಶಾಲೆಯ ಆಯಾ ಅಂಗಳ ಗುಡಿಸಿದ್ದಳು.

"ಸಾಕ್ಷ್ಯ ನಾಶ!" ಎಂದು ಚೀರಿದ.

"ಯಪ್ಪಾ, ನಾ ಕಸ ಹೊಡದೀನಷ್ಟ್ರೀ" ಎಂದಳು ಆಕೆ.

ಆಮೇಲೆ ನನ್ನ ಸರದಿ. ರಾಯಚೂರಿನ ಜಿಲ್ಲಾ ಮಟ್ಟದ ಭಾವಗೀತೆ ಸ್ಪರ್ಧೆಯಲ್ಲಿ ದೇವದುರ್ಗದ ಹುಡುಗಿ ಮೊದಲು ಬಂದಳು, ನಾನು ಎರಡನೆಯವಳು. ಮೊದಲು ಬಂದವರಿಗೆ ಧಾರವಾಡದಲ್ಲಿ ಹಾಡುವ ಅವಕಾಶ. ಕಾಕಾ ಬಿಡುತ್ತಾನೆಯೇ? ಸೀದಾ ಕೋರ್ಟಿಗೆ ಹೋಗಿ ತಡೆಯಾಜ್ಞೆ ತಂದ! ವಿಚಾರಣೆ ಮುಗಿಯುವವರೆಗೆ ಧಾರವಾಡಕ್ಕೆ ಯಾರೂ ಹೋಗುವಂತಿಲ್ಲ.

"ನಿನಗ ಇನ್ಸಾಫ್ ಕೊಡಸ್ತೀನಿ ಬೇ!" ಎಂದು ಮೀಸೆ ತಿರುವಿದ.

ವಿಚಾರಣೆ ಬಂದದ್ದು ಧಾರವಾಡದ ಸ್ಪರ್ಧೆಯ ಹಿಂದಿನ ದಿನ. ದೇವದುರ್ಗದ ಹುಡುಗಿ ಕೂಲಿ ಬಿಟ್ಟು ಬಂದಿದ್ದ ಅವ್ವನ ಸೆರಗು ಹಿಡಿದು ನಿಂತಿದ್ದಳು. ಮುನ್ಸೀಫರು ಕಾಕಾನನ್ನು ಕೇಳಿದರು, "ತೀರ್ಪಿನಲ್ಲಿ ಏನು ತಪ್ಪಾಗಿದೆ?"

"ನಮ್ಮ ಹುಡುಗಿ ಹಾಡೂಮುಂದ ತೀರ್ಪುಗಾರರು ಚಹಾ ಕುಡಿಯಾಕತ್ತಿದ್ರು ಸಾಹೇಬ್ರ. ಲಕ್ಷ್ಯನೇ ಇದ್ದಿಲ್ಲ."

"ಈ ಹುಡುಗಿ ಹಾಡುವಾಗ ಕುಡಿಯಲಿಲ್ಲವೇ?"

"ಹೆಂಗ ಕುಡೀತಾರ್ರೀ? ಕಪ್ಪು ಕೈಯಾಗ ಹಂಗೇ ಹಿಡಕೊಂಡು ಕುಂತಿದ್ರು. ನಾನೂ ಬಾಯಾಗ ಎಲಿಅಡಿಕಿ ಇಟ್ಕೊಂಡು ಅಗಿಯೋದು ಮರತಿದ್ದೆ!"

ಕೋರ್ಟಿಗೆ ಕೋರ್ಟೇ ನಕ್ಕಿತು. ಎದುರು ಪಕ್ಷಕ್ಕೆ ಇಂಥ ಸಾಕ್ಷಿ ಎಲ್ಲಿ ಸಿಕ್ಕೀತು! ಕಾಕಾ ನಗಲಿಲ್ಲ. ಆ ಹುಡುಗಿಯನ್ನೇ ಸ್ವಲ್ಪ ಹೊತ್ತು ನೋಡಿ, "ಅರ್ಜಿ ವಾಪಸ್ ತಗೋತೀನ್ರೀ" ಎಂದ.

ಹೊರಗೆ ಅವಳ ಅವ್ವ, "ಯಣ್ಣಾ, ಧಾರವಾಡ ಯಾ ಕಡಿ ಅದನೋ ನಮಗ ಗೊತ್ತಿಲ್ಲ. ಈಗ ಹೊಂಟ್ರ ಮುಟ್ಟತೀವೇನು?" ಎಂದಳು. ಕಾಕಾ ನನ್ನನ್ನು ಜೊತೆಗೆ ಬಂದಿದ್ದ ಅಪ್ಪನಿಗೆ ಒಪ್ಪಿಸಿ, ಅವರಿಬ್ಬರನ್ನು ಬಸ್ಸು ಹತ್ತಿಸಿ, ತಾನೂ ಹತ್ತಿದ.

ಧಾರವಾಡದಲ್ಲಿ ಅವಳಿಗೆ ಯಾವ ಬಹುಮಾನವೂ ಬರಲಿಲ್ಲ. ಮರಳಿ ಬಂದ ಕಾಕಾ ಮುಖ ಇಳಿಬಿಟ್ಟು ಕಟ್ಟೆಯ ಮೇಲೆ ಕೂತ.

"ಅಕಿ ಸೋತ್ರ ನಿನಗ್ಯಾಕೋ ಸಂಕಟ?" ಎಂದಳು ಅಜ್ಜಿ. "ಅಕಿ ನಿನಗ ಏನಾಗಬೇಕು?"

"ಹಾಡಿ ಇಳದಕಿನೇ ಓಡಿ ಬಂದು, 'ಕಾಕಾ, ಛಲೋ ಹಾಡಿದ್ನಿಲ್ಲೋ?' ಅಂತ ಕೇಳಿದ್ಲು." ಅವನು ಎದ್ದು ನಿಂತ. "ಕಾಕಾ ಅಂದ್ಲು, ಯವ್ವಾ. ಇನ್ನ ನಾ ಸುಮ್ಮನ ಹೆಂಗ ಕುಂದ್ರಲಿ? ಅಪೀಲು ಹಾಕ್ತೀನಿ."

ನನಗೆ ಅಳು ಬಂತು. ಒಳಗೆ ಹೋಗಿ ಅವನಿಗೆ ಹಾಳೆ, ಪೆನ್ನು ತಂದುಕೊಟ್ಟೆ.