ಬೆಳಕಿನ ಹಾಯಿಯೂ ಗೋಣಿ ಪರದೆಯೂ

ನಾನು ಹುಟ್ಟಾ ನಿಧಾನಸ್ಥ. ಇದನ್ನು ಸೋಮಾರಿತನ ಎನ್ನುವವರೂ ಇದ್ದಾರೆ. ಅವರಲ್ಲಿ ಹೆಚ್ಚಿನವರು ನನ್ನ ಹೆಂಡತಿಯ ಕಡೆಯವರು. ಮಾಂಬಳ್ಳಿಗೆ ವಿಜ್ಞಾನದ ಮೇಷ್ಟ್ರಾಗಿ ಬಂದವನು ಅಲ್ಲೇ ಬೇರು ಬಿಟ್ಟೆ. ಕೊಳ್ಳೇಗಾಲಕ್ಕೆ ವರ್ಗ ಮಾಡಿಸಿಕೊಳ್ಳಿ ಎಂದು ಯಾರಾದರೂ ಅಂದರೆ, ಸಾಮಾನು ಕಟ್ಟುವುದನ್ನು ನೆನೆದೇ ಸುಸ್ತಾಗುತ್ತಿತ್ತು. ಇಂಥವನಿಗೆ ಎಲ್ಲಕ್ಕಿಂತ ವೇಗವಾಗಿ ಓಡುವ ಬೆಳಕಿನ ಮೇಲೆ ಪ್ರೀತಿ ಹುಟ್ಟಿತು. ಈಜು ಬಾರದವನು ಕೆರೆ ಏರಿಯ ಮೇಲೆ ಕೂತು ಈಜುವವರನ್ನು ನೋಡುವುದಿಲ್ಲವೇ, ಹಾಗೆ.

ಆ ವರ್ಷ ಶಾಲೆಯಲ್ಲಿ ಒಂದು ವಿಜ್ಞಾನ ಭಾಷಣ ಮಾಡಿ ಎಂದು ಹೆಡ್ ಮೇಷ್ಟ್ರು ಹೇಳಿದರು. ಬೆಳಕಿನಿಂದ ಓಡುವ ಪುಟ್ಟ ಉಪಗ್ರಹಗಳ ವಿಷಯ ಆರಿಸಿಕೊಂಡೆ. ಬೆಳಕಿಗೆ ತೂಕವಿಲ್ಲ, ಆದರೂ ತಾನು ಬಿದ್ದ ವಸ್ತುವನ್ನು ಅದು ತಳ್ಳುತ್ತದೆ. ಎಷ್ಟು? ಅಂಗೈ ಮೇಲೆ ಬಿದ್ದ ಹುಣಸೆ ಎಲೆಯಷ್ಟೂ ಇಲ್ಲ. ಆದರೆ ಮೇಲೆ ಬಾಹ್ಯಾಕಾಶದಲ್ಲಿ ಗಾಳಿಯಿಲ್ಲ, ಅಡ್ಡಗಾಲು ಹಾಕುವವರಿಲ್ಲ. ಹಾಲಿನ ಕ್ಯಾನಿನಷ್ಟು ಉಪಗ್ರಹಕ್ಕೆ ಹೊಲದಗಲದ ತೆಳು ಬೆಳ್ಳಿ ಹಾಯಿ ಕಟ್ಟಿ ಬಿಟ್ಟರೆ, ಬಿಸಿಲು ಬಿಡದೆ ತಳ್ಳಿ ತಳ್ಳಿ, ಒಂದು ಹನಿ ಎಣ್ಣೆಯ ಖರ್ಚಿಲ್ಲದೆ ಅದು ವೇಗ ಕೂಡಿಸಿಕೊಳ್ಳುತ್ತಾ ಹೋಗುತ್ತದೆ. ಇದನ್ನು ಓದಿದ ದಿನ ನನಗೆ ನಿಜವಾಗಿಯೂ ಕಣ್ಣು ಒದ್ದೆಯಾಯಿತು. ನಮ್ಮಂಥ ನಿಧಾನಸ್ಥರಿಗೂ ಎಲ್ಲೋ ಒಂದು ಲೋಕವಿದೆ ಎನಿಸಿತು.

ಬರೀ ಮಾತು ಸಾಲದು, ಹಾಯಿಯ ಮಾದರಿ ತೋರಿಸಬೇಕೆಂದು ಪೆಟ್ಟಿಗೆ ಅಂಗಡಿಯಿಂದ ಸಿಗರೇಟು ಪ್ಯಾಕಿನೊಳಗಿನ ಬೆಳ್ಳಿ ಕಾಗದ ಕೂಡಿಹಾಕತೊಡಗಿದೆ. ಮೇಷ್ಟ್ರು ಸಿಗರೇಟು ಶುರುಮಾಡಿದ್ದಾರೆಂಬ ಸುದ್ದಿ ನನಗಿಂತ ಮೊದಲೇ ಮನೆ ತಲುಪಿತು. ಸುದ್ದಿಯ ಮುಂದೆ ಬೆಳಕಿನ ವೇಗ ಯಾವ ಲೆಕ್ಕ. ನನ್ನ ಹೆಂಡತಿ ಮಹದೇವಮ್ಮ ಅಂಗಿ ಮೂಸಿ ನೋಡಿದಳು, ಕಾಗದದ ಕಂತೆ ನೋಡಿದಳು. "ಸೇದಿದ್ರೇ ವಾಸಿಯಾಗಿತ್ತು ಕಣ್ರೀ, ಅದ್ಕೊಂದು ಅರ್ಥನಾರ ಇತ್ತು" ಎಂದಳು.

ಅವಳ ಚಿಂತೆ ಬೇರೆ. ರೇಷ್ಮೆ ಹುಳು ಸಾಕುವುದನ್ನು ತವರಿನಲ್ಲಿ ನೋಡಿದ್ದಳೇ ಹೊರತು ತಾನೊಬ್ಬಳೇ ಬೆಳೆಸಿದ ಮೊದಲ ಬೆಳೆ ಅದು. "ಮೇಷ್ಟ್ರ ಮನೇಲಿ ಉಳ ಎಲ್ಲಿ ಬಾಳ್ತವೆ" ಎಂದು ಅಣ್ಣಂದಿರು ನಕ್ಕಿದ್ದರು. ಒಂದು ಭಾನುವಾರ ಹುಳುಗಳು ಮೇವು ಬಿಟ್ಟು ಹಣ್ಣಾದವು. ಗೂಡು ಕಟ್ಟಲೆಂದು ಅವನ್ನು ಚಂದ್ರಿಕೆಗಳ, ಅಂದರೆ ಸುರುಳಿ ಪಟ್ಟಿ ಹೆಣೆದ ಬಿದಿರು ತಟ್ಟಿಗಳ, ಮೇಲೆ ಬಿಟ್ಟು ಜಗಲಿಯ ಗೋಡೆಗೆ ಒರಗಿಸಿದಳು. ಹಣ್ಣಾದ ಹುಳುವಿಗೆ ಬಿಸಿಲಾಗದು. ಬೆಳಕು ಬಿದ್ದರೆ ನೆರಳಿಗೆ ಸರಿದು, ಇಕ್ಕಟ್ಟಿನಲ್ಲಿ ಎರಡು ಸೇರಿ ಒಂದೇ ಗೂಡು ಕಟ್ಟಿಬಿಡುತ್ತವೆ. ಆ ಜೋಡಿ ಗೂಡಿನ ಎಳೆ ಸಿಕ್ಕಾಗಿರುತ್ತದೆ. ನೂಲು ಬಿಚ್ಚುವವರು ಅದನ್ನು ಆಚೆಗೆ ಎಸೆಯುತ್ತಾರೆ. ಅದಕ್ಕೇ ಜಗಲಿಯ ಪಡುವಣಕ್ಕೆ ಗೋಣಿ ಪರದೆ ಕಟ್ಟಿಕೊಡಿ ಎಂದು ಅವಳು ವಾರದಿಂದ ಹೇಳುತ್ತಲೇ ಇದ್ದಳು, ನಾನು ನಾಳೆ ಎನ್ನುತ್ತಲೇ ಇದ್ದೆ. ಆ ಭಾನುವಾರ, "ಅಣ್ಣನ ಮನೆಗೋಗಿ ಇನ್ನೆರಡು ಚಂದ್ರಿಕೆ ತಕಂಡು ಬತ್ತೀನಿ. ಬಿಸ್ಲು ತಿರುಗೋದ್ರೊಳಗೆ ಪರ್ದೆ ಕಟ್ಬುಡಿ" ಎಂದು ಹೊರಟಳು.

ಬಿಸಿಲು ತಿರುಗಿತು. ನನಗೂ ಅದೇ ಬೇಕಿತ್ತು. ಪರದೆ ಕಟ್ಟಿದರೆ ಹಾಯಿಗೆ ಬಿಸಿಲು ಎಲ್ಲಿಂದ ಬರಬೇಕು? ಬೆಳ್ಳಿ ಕಾಗದ ಅಂಟಿಸಿ ಮಾಡಿದ ಹಾಯಿಯನ್ನು ಒಂದು ಎಳೆಯಲ್ಲಿ ತೊಲೆಗೆ ತೂಗುಬಿಟ್ಟು, ಚಂದ್ರಿಕೆಗಳಿಗೆ ಬೆನ್ನು ಹಾಕಿ, ಅದರ ಮೇಲೆ ಕನ್ನಡಿಯಿಂದ ಇನ್ನಷ್ಟು ಬೆಳಕು ಬಿಡುತ್ತಾ ಕೂತೆ. ಹಾಯಿ ಅಲುಗಿತು. ಸಂತೋಷದಿಂದ ಉಸಿರು ಬಿಗಿಹಿಡಿದೆ. ಹಾಯಿ ನಿಂತಿತು. ಅಷ್ಟು ಹೊತ್ತೂ ಅದನ್ನು ತಳ್ಳುತ್ತಿದ್ದದ್ದು ನನ್ನ ಉಸಿರು. ಆದರೂ ಬಿಡದೆ ಕೂತಿದ್ದಾಗ ಪಕ್ಕದ ಮನೆಯ ಪುಟ್ಟಮಾದಪ್ಪ ಬಂದು ನಿಂತ. "ಸಾ, ಅದ್ನ ಬುಟ್ಟು ಇಂದಕ್ಕೆ ತಿರುಗಿ ನೋಡಿ ಸಾ. ಉಳವೆಲ್ಲ ಒಂದೇ ಕಡಿಕೆ ಓಗ್ಬುಟ್ಟವೆ" ಎಂದ.

ತಿರುಗಿದೆ. ಬಿಸಿಲು ಬಿದ್ದಲ್ಲೆಲ್ಲ ಚಂದ್ರಿಕೆ ಬರಿದು. ಹುಳುಗಳು ಅಂಚಿನ ನೆರಳಲ್ಲಿ ಮುದ್ದೆಯಾಗಿದ್ದವು. ಬೆಳಕು ತಳ್ಳುತ್ತದೆ ಎಂಬುದಕ್ಕೆ ಇದಕ್ಕಿಂತ ದೊಡ್ಡ ಸಾಕ್ಷಿ ಬೇಕಿರಲಿಲ್ಲ.

ಮಹದೇವಮ್ಮ ಬಂದವಳೇ ತಂದ ಚಂದ್ರಿಕೆಗಳನ್ನು ಕೆಳಗಿಟ್ಟಳು. ಗೋಡೆಗೆ ಒರಗಿಸಿದ್ದವನ್ನು ಒಳಗೆ ತಂದು, ಹುಳುಗಳನ್ನು ಒಂದೊಂದಾಗಿ ಎತ್ತಿ ಖಾಲಿ ಜಾಗಕ್ಕೆ ಬಿಡತೊಡಗಿದಳು. ನಾನೂ ಕೂತೆ. ನಾನು ಒಂದು ಎತ್ತಿಡುವಷ್ಟರಲ್ಲಿ ಅವಳ ಕೈ ಒಂದು ಸುತ್ತು ಮುಗಿಸಿರುತ್ತಿತ್ತು. ಸುಮ್ಮನಿರಲಾರದೆ ಹಾಯಿಯ ಕಥೆ ಹೇಳಿದೆ.

"ಅದು ಚಂದ್ರನ್ ತಾವ್ಕೆ ಎಷ್ಟು ದಿನಕ್ಕೆ ಓಯ್ತದೆ?" ಎಂದು ಕೇಳಿದಳು.

"ತಿಂಗಳುಗಳೇ ಬೇಕು. ವರ್ಷವೂ ಆದೀತು."

"ಅಷ್ಟು ನಿದಾನ್ವಾ?" ಒಂದು ಹುಳುವನ್ನು ಮೆಲ್ಲಗೆ ಬಿಟ್ಟು ಹೇಳಿದಳು, "ಆದ್ರೂ ಓಯ್ತಾ ಇರ್ತದಲ್ಲ. ನಾಳೆ ಅನ್ನಾಕಿಲ್ಲವಲ್ಲ." ಅವಳ ಕಣ್ಣು ತುಂಬಿತ್ತು.

ಆ ಮಾತು ನನಗೆ ನಾಟಿತು. ನಿಧಾನವಾಗಿ ಹೋಗುವುದೂ ನಿಂತೇ ಇರುವುದೂ ಬೇರೆ ಬೇರೆ. ಅಷ್ಟು ವರ್ಷ ಎರಡನ್ನೂ ಒಂದೇ ಎಂದುಕೊಂಡು ನಾನು ಆ ಉಪಗ್ರಹದ ನೆಂಟಸ್ತನ ಹೇಳಿಕೊಳ್ಳುತ್ತಿದ್ದೆ. ಎದ್ದು ಸ್ಟೂಲು ಹತ್ತಿ ಗೋಣಿ ಪರದೆ ಕಟ್ಟಿದೆ. ಕೊನೆಯ ಗಂಟು ಬಿಗಿಯುವ ಹೊತ್ತಿಗೆ ಸೂರ್ಯ ಮುಳುಗಿದ್ದ.

ಬೆಳೆ ಬಹುಪಾಲು ಉಳಿಯಿತು, ಅಣ್ಣಂದಿರ ಬಾಯಿ ಮುಚ್ಚುವಷ್ಟು. ಜೋಡಿ ಗೂಡುಗಳನ್ನು ಆರಿಸಿ ಮಹದೇವಮ್ಮ ಒಂದು ಬಟ್ಟಲಲ್ಲಿ ಹಾಕಿ ನನ್ನ ಮೇಜಿನ ಮೇಲಿಟ್ಟಳು. ಶಾಲೆಯ ಭಾಷಣದಲ್ಲಿ, ಎಷ್ಟು ಮೆಲ್ಲಗಾದರೂ ಸರಿ, ಬಿಡದೆ ತಳ್ಳುತ್ತಿದ್ದರೆ ಭಾರದ ವಸ್ತುವೂ ಒಂದು ದಿನ ಕದಲುತ್ತದೆ ಎಂದೆ. ಹತ್ತಿರದ್ದೇ ಒಂದು ಉದಾಹರಣೆ ತೋರಿಸಿ ಎಂದರು ಹೆಡ್ ಮೇಷ್ಟ್ರು. ಉದಾಹರಣೆ ನಿಮ್ಮ ಮುಂದೆಯೇ ನಿಂತು ಮಾತಾಡುತ್ತಿದೆ ಎನ್ನುವ ಧೈರ್ಯ ಸಾಲದೆ, ನಾಳೆ ತೋರಿಸುತ್ತೇನೆ ಎಂದುಬಿಟ್ಟೆ.