ಟಿವಿಯಲ್ಲಿ ನನ್ನ ಮುಖ

ಟಿವಿ ಧಾರಾವಾಹಿಗಳಲ್ಲಿ ನಾಯಕ ನಾಯಕಿಯರ ಹಿಂದೆ ಸುಮ್ಮನೆ ಓಡಾಡುವ ಜನ ಇರುತ್ತಾರಲ್ಲ, ಅವರಲ್ಲಿ ನಾನೂ ಒಬ್ಬ. ವಾರವೆಲ್ಲ ಸಿಡ್ನಿಯ ಆಫೀಸು, ರಜೆ ಬಂದರೆ ನಟನೆ. ನಟನೆ ನನಗೆ ಚೆನ್ನಾಗಿಯೇ ಬರುತ್ತದೆ. ಎಡವಟ್ಟುಗಳೇ ನನ್ನನ್ನು ಹುಡುಕಿಕೊಂಡು ಬರುತ್ತವೆ. ಧಾರವಾಡದಲ್ಲಿರುವ ಅವ್ವನಿಗೆ ಒಂದೇ ಆಸೆ: ಮಗನ ಮುಖ ಒಮ್ಮೆಯಾದರೂ ಟಿವಿಯಲ್ಲಿ ನೋಡಬೇಕು.

೧. ಬೆನ್ನು

ಮೊದಲ ಪಾತ್ರ, ಸಿಡ್ನಿಯ ಹ್ಯಾರಿಸ್ ಪಾರ್ಕ್ ಬಡಾವಣೆಯ ಬೀದಿಯಲ್ಲಿ ನಡೆದುಹೋಗುವ ಗಂಡಸು. ಹೊಸ ಶರ್ಟು ತೊಟ್ಟು ಗತ್ತಿನಿಂದ ನಡೆದೆ. ಟಿವಿಯಲ್ಲಿ ಕಂಡದ್ದು ಬೆನ್ನು ಮಾತ್ರ. ಆ ತುಣುಕನ್ನೇ ಅವ್ವನಿಗೆ ಕಳಿಸಿದೆ.

"ಓಣಿ ಮಂದೀನೆಲ್ಲಾ ಕರ್ದು ಕೂಡ್ಸಿದ್ನೆಪಾ. ಅಷ್ಟು ಲಗೂ ಎಲ್ಲಿಗೆ ಹೊಂಟಿದ್ದಿ? ಒಮ್ಮಿ ಹೊಳ್ಳಿ ನೋಡಿದ್ರ ಏನ್ ಹೋಗ್ತಿತ್ತು?"

೨. ಊಟ

ಮೆಲ್ಬರ್ನ್‌ನಲ್ಲಿ ಹೋಟೆಲ್ ದೃಶ್ಯ. ಕ್ಯಾಮೆರಾ ಎದುರಿಗೇ ನನ್ನ ಕುರ್ಚಿ! ಮುಂದೆ ಬಿಸಿ ಅನ್ನ, ಮೇಲೋಗರ. "ತಿಂದ ಹಾಗೆ ಮಾಡಿದರೆ ಸಾಕು" ಎಂದಳು ನಿರ್ದೇಶಕಿ. ತಟ್ಟೆಯಲ್ಲಿ ಅನ್ನ ಬಿಟ್ಟು ಏಳುವುದನ್ನು ನನಗೆ ಅವ್ವ ಕಲಿಸಿಲ್ಲ. ಪ್ರತಿ ಟೇಕ್‌ಗೂ ಅವರು ತುಂಬಿಸಿದರು, ನಾನು ಖಾಲಿ ಮಾಡಿದೆ. ಆರನೇ ಟೇಕ್‌ಗೆ ಅನ್ನವೇ ಮುಗಿಯಿತು. ನನ್ನನ್ನು ಎಬ್ಬಿಸಿ ಕಂಬದ ಹಿಂದೆ ಕೂರಿಸಿದರು. ಟಿವಿಯಲ್ಲಿ ಕಂಡದ್ದು ಮೊಣಕೈ.

ಅವ್ವ ಬಹಳ ಹೊತ್ತು ನೋಡಿ ಹೇಳಿದಳು: "ಮೊಳಕೈ ಥೇಟ್ ನಿಮ್ಮಪ್ಪಂದ ಐತಿ ನೋಡು."

೩. ಹೆಣ

ಕೊನೆಗೂ ಸಿಡ್ನಿಯಲ್ಲಿ ಮುಖ ಕಾಣುವ ಪಾತ್ರ ಸಿಕ್ಕಿತು. ಆಸ್ಪತ್ರೆಯ ಮಂಚದ ಮೇಲಿನ ಹೆಣ!

"ಅಪಶಕುನ ಐತಿ. ಅತ್ತಿಯವ್ರಿಗೆ ಮಾತ್ರ ತೋರಿಸಬ್ಯಾಡ್ರಿ," ಎಂದಳು ಹೆಂಡತಿ. ಒಪ್ಪಿದೆ. ಮುಖ ಸಿಕ್ಕಿದ್ದು ಇದೊಂದೇ ಸಲ, ಅದೂ ಅವ್ವನಿಗಿಲ್ಲ.

ಉಸಿರು ಬಿಗಿಹಿಡಿದು ಮಲಗಿದೆ. ತಾಯಿಯ ಪಾತ್ರದ ಹಿರಿಯ ನಟಿ ಅಳುತ್ತಾ ಬಂದು ನನ್ನ ಕಾಲ ಬಳಿ ಕುಸಿದರು. ನನ್ನ ಪಾದ ಅವರ ಹೆಗಲಿಗೆ ತಾಗಿತು. ಹಿರಿಯರಿಗೆ ಕಾಲು ತಾಗಿದರೆ ಕೈ ಸುಮ್ಮನಿರುತ್ತದೆಯೇ? ಥಟ್ಟನೆ ಎದ್ದು ಕೂತು, ಅವರ ಹೆಗಲು ಮುಟ್ಟಿ ಕಣ್ಣಿಗೊತ್ತಿಕೊಂಡು, ಮತ್ತೆ ಮಲಗಿ ಸತ್ತೆ.

ಆಕೆ ಕಿಟಾರನೆ ಕಿರುಚಿದರು. ಸೆಟ್ಟಿನವರೆಲ್ಲ ಬಿದ್ದು ಬಿದ್ದು ನಕ್ಕರು. ಆ ದೃಶ್ಯವನ್ನು ಮತ್ತೆ ತೆಗೆದರೂ, ನಗೆ ತುಣುಕೆಂದು ಇದನ್ನೂ ಟಿವಿಯಲ್ಲಿ ಹಾಕಿದರು. ನಾನು ಅವ್ವನಿಗೆ ತಿಳಿಸಲಿಲ್ಲ. ಮಗಳು ಮಾತ್ರ "ಸೋ ಫನ್ನಿ, ಅಪ್ಪಾ" ಎನ್ನುತ್ತಾ ಅಜ್ಜಿಗೆ ಕಳಿಸಿಯೇಬಿಟ್ಟಳು.

ಧಾರವಾಡದಿಂದ ಫೋನ್ ಬಂತು. ಹೆದರುತ್ತಲೇ ಎತ್ತಿದೆ. ಅವ್ವ ನನ್ನ ಹತ್ತಿರ ಮಾತಾಡುತ್ತಲೇ ಇರಲಿಲ್ಲ, ಓಣಿಯವರಿಗೆ ಹೇಳುತ್ತಿದ್ದಳು:

"ನೋಡ್ರಿ, ಇವನೇ ನನ್ನ ಮಗ. ಸತ್ರೂ ಸಂಸ್ಕಾರ ಬಿಟ್ಟಿಲ್ಲ!"